ಸಿಸ್ಟರ್ ದಾರ ಬಿಚ್ಚಿದ ಮಂಗಳವಾರ

ಡಿಸೆಂಬರ್ ತಿಂಗಳ ಎರಡನೆಯ ಮಂಗಳವಾರ, ಬೆಳಿಗ್ಗೆ ಹತ್ತು ಗಂಟೆ ಹತ್ತು ನಿಮಿಷ. ಮೂಡಿಗೆರೆಯಲ್ಲಿ ನಮ್ಮ ಬಾಡಿಗೆ ಮನೆಯ ಅಡುಗೆಮನೆ. ಹಾಜರಿದ್ದವರು ಇಬ್ಬರು: ನಾನು, ಮತ್ತು ತೀರಿಕೊಂಡ ನನ್ನ ಅಣ್ಣನ ಹೆಂಡತಿ, ಅಂದರೆ ಅತ್ತಿಗೆ. ಅವರು ಬೀನ್ಸ್ ಹೆಚ್ಚುತ್ತಿದ್ದರು. ನಾನು ಪಕ್ಕದ ಸ್ಟೂಲಿನ ಮೇಲೆ ಕುಳಿತು ಗಟ್ಟಿಯಾಗಿ ಪುಸ್ತಕ ಓದುತ್ತಿದ್ದೆ.

ಹೀಗೆ ಬರೆಯುವುದು ನರ್ಸಿಂಗ್ ಕಲಿತ ಕಾಲದಿಂದ ಬಂದ ಅಭ್ಯಾಸ. ಪಾಳಿ ಬದಲಾಗುವಾಗ ದಿನ, ಗಂಟೆ, ಹಾಜರಿದ್ದವರು, ಆದ ಕೆಲಸ, ಉಳಿದ ಕೆಲಸ ಇಷ್ಟನ್ನೂ ರಿಪೋರ್ಟ್ ಪುಸ್ತಕದಲ್ಲಿ ಬರೆದಿಡದೆ ನಾವು ವಾರ್ಡು ಬಿಡುವಂತಿರಲಿಲ್ಲ. ನಿವೃತ್ತಿಯಾಗಿ ಎಷ್ಟೋ ವರ್ಷವಾಯಿತು. ಐದು ಗಂಟೆಗೆ ಏಳುವುದು, ಆರಕ್ಕೆ ನಡಿಗೆ, ಎಂಟಕ್ಕೆ ತಿಂಡಿ, ಹತ್ತೂ ಹತ್ತಕ್ಕೆ ಒಂದು ಪುಟ ಓದು. ಇದರಲ್ಲಿ ಬದಲಾವಣೆಯಿಲ್ಲ.

ಓದುವ ಪುಸ್ತಕಗಳೂ ಒಂದೇ ಜಾತಿಯವು. ಜನರ ತಪ್ಪು ತಿಳುವಳಿಕೆಗಳನ್ನು ತಿದ್ದುವ ಪುಸ್ತಕಗಳು. ಬಾವಲಿಗೆ ಕಣ್ಣು ಕಾಣುವುದಿಲ್ಲ ಎಂಬುದು ಸುಳ್ಳು, ಹಾವು ಹಾಲು ಕುಡಿಯುತ್ತದೆ ಎಂಬುದು ಸುಳ್ಳು, ಕೇರೆಹಾವು ನಾಗರಹಾವಿನ ಗಂಡ ಎಂಬುದು ಸುಳ್ಳು, ಇಂಥವು. ಶಾಲೆಗಳಲ್ಲಿ ಪುಸ್ತಕ ಪ್ರದರ್ಶನ ನಡೆದಾಗ ಕೊಂಡವು ಕೆಲವು, ಚಿಕ್ಕಮಗಳೂರಿನಲ್ಲಿ ಹಳೆಯ ಪುಸ್ತಕ ಮಾರುವವರಿಂದ ತಂದವು ಕೆಲವು. ಒಂದೂವರೆ ಸಾಲು ಇವೆ. ಒಂದು ಪುಸ್ತಕ ಸುಳ್ಳು ಎಂದದ್ದನ್ನು ಇನ್ನೊಂದು ಪುಸ್ತಕ ನಿಜ ಎನ್ನುವುದೂ ಉಂಟು. ಅಂಥ ಕಡೆ ನಾನು ಅಂಚಿನಲ್ಲಿ ಪೆನ್ಸಿಲಿನಿಂದ ಗುರುತು ಹಾಕುತ್ತೇನೆ.

ಅತ್ತಿಗೆಗೆ ಓದು ಕಡಿಮೆ, ನಂಬಿಕೆ ಜಾಸ್ತಿ. ಆದರೆ ಈ ಪುಸ್ತಕಗಳನ್ನು ನನಗಿಂತ ಹೆಚ್ಚು ಪ್ರೀತಿಯಿಂದ ಕೇಳುವವರು ಅವರೇ. ಪ್ರತಿ ಪುಟಕ್ಕೂ ಅವರದೊಂದು ಸಾಕ್ಷಿ ಇರುತ್ತದೆ. ಕಾಫಿ ಕುಡಿದರೆ ಮೈ ಕಪ್ಪಾಗುತ್ತದೆ ಎಂಬುದು ಸುಳ್ಳು ಎಂದು ನಾನು ಓದಿದ ದಿನ ಅವರು ಈಳಿಗೆ ಬಿಟ್ಟು ಎದ್ದೇ ನಿಂತರು.

"ಇದನ್ನ ನಮ್ಮಮ್ಮನಿಗೆ ಯಾರಾದ್ರೂ ಓದಿ ಹೇಳ್ಬೇಕಿತ್ತು ಮಾರಾಯ್ತಿ. ಮನೆ ಸುತ್ತ ಕಾಫಿ, ಕಣದಲ್ಲಿ ಕಾಫಿ, ಅಟ್ಟದಲ್ಲಿ ಕಾಫಿ. ನನಗೆ ಮಾತ್ರ ಹಾಲು. ಮದುವೆ ಆಗೋವರೆಗೂ ಒಂದು ಗುಟುಕು ಕೊಡ್ಲಿಲ್ಲ."

"ಮತ್ತೆ ಬೆಳ್ಳಗಾದ್ರಾ?"

"ನಿನ್ನಣ್ಣನ್ನ ಕೇಳ್ಬೇಕಿತ್ತು" ಎಂದು ನಕ್ಕರು. ಮದುವೆಯಾದ ಮರುದಿನ ಅಣ್ಣನೇ ಕದ್ದು ಒಂದು ಲೋಟ ಕಾಫಿ ತಂದುಕೊಟ್ಟಿದ್ದನಂತೆ. ಅದನ್ನು ಹೇಳುವಾಗ ಎಪ್ಪತ್ತಾರು ವರ್ಷದ ಅವರ ಮುಖ ನೋಡಬೇಕು.

ಆ ಮಂಗಳವಾರ ಕೈಯಲ್ಲಿದ್ದದ್ದು ಹೊಸ ಪುಸ್ತಕ. ಹಾವಿನ ಅಧ್ಯಾಯ. ಹಾವು ಕಚ್ಚಿದ ಜಾಗದ ಮೇಲ್ಗಡೆ ದಾರದಿಂದ ಬಿಗಿಯಾಗಿ ಕಟ್ಟಿದರೆ ವಿಷ ಏರುವುದಿಲ್ಲ ಎಂದು ಜನರು ನಂಬುತ್ತಾರೆ, ಇದು ತಪ್ಪು, ಬಿಗಿದ ದಾರದಿಂದ ಕೈಕಾಲಿಗೇ ಹಾನಿಯಾಗಬಹುದು, ಕಚ್ಚಿಸಿಕೊಂಡವರನ್ನು ಸಮಾಧಾನಪಡಿಸಿ, ಆ ಅಂಗವನ್ನು ಅಲುಗಾಡಿಸದೆ ಬೇಗ ಆಸ್ಪತ್ರೆಗೆ ಒಯ್ಯುವುದೊಂದೇ ದಾರಿ. ಇಷ್ಟು ಓದಿ ನಾನು ಮುಂದಿನ ಪ್ಯಾರಾಕ್ಕೆ ಹೋಗುವುದರಲ್ಲಿದ್ದೆ.

"ಯಾವ ಜನ ನಂಬೋದು?" ಎಂದರು ಅತ್ತಿಗೆ.

"ಜನ ಅಂದ್ರೆ ಜನ. ಹಳ್ಳಿಯವರು."

"ಹಳ್ಳಿಯವ್ರಿಗೆ ಹೇಳಿಕೊಟ್ಟವ್ಳು ನೀನೇ ಅಲ್ವನೇ? ಮೊನ್ನೆ ಸಂತೇಲಿ ನೋಡಿದ್ನಲ್ಲ. ನಿನ್ನ ಹಳೇ ಎಸ್ಟೇಟಿನ ಹೆಣ್ಣಾಳುಗಳು ಸೊಂಟಕ್ಕೆ ದಾರ ಸುತ್ಕೊಂಡಿದ್ರು. ಇದೆಂತದ್ದು ಅಂದ್ರೆ ಸಿಸ್ಟರ್ ದಾರ ಅಂದ್ರು. ಹಾವು ಕಚ್ಚಿದ್ರೆ ಕಟ್ಟೋಕೆ. ನನಗೆ ಎಷ್ಟು ಹೆಮ್ಮೆ ಆಯ್ತು ಗೊತ್ತಾ? ನಿನಗೆ ಹೇಳಿದ್ರೆ ಜಂಬ ಬರ್ತದೆ ಅಂತ ಸುಮ್ನಾದೆ."

ನಾನು ಪುಸ್ತಕ ಮುಚ್ಚಿದೆ. ಅಲ್ಲಿಯವರೆಗೆ ಇಂಥ ಪುಸ್ತಕಗಳಲ್ಲಿ 'ಜನರು ನಂಬುತ್ತಾರೆ' ಎಂಬ ಮಾತನ್ನು ಸಾವಿರ ಸಲ ಓದಿದ್ದೆ. ಆ ಜನರಲ್ಲಿ ಬರೆದವರಿಲ್ಲ, ಓದುವವರೂ ಇಲ್ಲ ಎಂದೇ ಎಣಿಸಿದ್ದೆ.

ಆ ದಾರದ ಹಿನ್ನೆಲೆ ಹೇಳಬೇಕು. ಕಳಸದ ದಾರಿಯಲ್ಲಿರುವ ಒಂದು ದೊಡ್ಡ ಕಾಫಿ ಎಸ್ಟೇಟಿನ ಡಿಸ್ಪೆನ್ಸರಿಯಲ್ಲಿ ನಾನು ಹನ್ನೊಂದು ವರ್ಷ ನರ್ಸ್ ಆಗಿದ್ದೆ. ಆಗ ನಮಗೆ ಕಲಿಸಿದ ಪ್ರಥಮ ಚಿಕಿತ್ಸೆಯೇ ಅದು: ಹಾವು ಕಚ್ಚಿದರೆ ಮೇಲ್ಗಡೆ ಬಿಗಿ. ಕೂಲಿ ಲೈನಿನ, ಅಂದರೆ ಆಳುಗಳ ಸಾಲುಮನೆಗಳ ಜನ ಹಾವು ಕಚ್ಚಿದಾಗ ನನ್ನ ಹತ್ತಿರ ಬರುತ್ತಿರಲಿಲ್ಲ, ಬೇರು ಅರೆದು ಕೊಡುವವರ ಹತ್ತಿರ ಹೋಗುತ್ತಿದ್ದರು. ನಾನು ಪ್ರತಿ ಗುರುವಾರ ಸಂಜೆ ಐದಕ್ಕೆ ಲೈನಿನ ಮುಂದೆ ಪಾಠ ಇಟ್ಟೆ. ಲಂಗಕ್ಕೆ ಹಾಕುವ ಲಾಡಿಯ ಉರುಳೆ ತಂದು, ಒಂದೊಂದು ಮಾರು ಕತ್ತರಿಸಿ, ಪ್ರತಿಯೊಬ್ಬರಿಗೂ ಕೊಟ್ಟು, ಕಟ್ಟುವುದನ್ನು ಹೇಳಿಕೊಟ್ಟೆ. ಕೇಳಲು ಬರುತ್ತಿದ್ದವರು ಐದೋ ಆರೋ ಮಂದಿ.

ಆಮೇಲೊಂದು ಬೆಳಿಗ್ಗೆ ಒಬ್ಬ ತರುಣ ಆಳು ಸೌದೆ ರಾಶಿಗೆ ಕೈ ಹಾಕಿದಾಗ ಹಾವು ಕಚ್ಚಿತು. ಹಾವಿನ ಮೈತುಂಬ ಬಿಳಿ ಪಟ್ಟೆ, ಕಟ್ಟುಹಾವು ಎಂಬ ಭಾರೀ ವಿಷದ ಹಾವಿಗಿರುವಂತೆ. ಆ ತರುಣ ನನ್ನ ದಾರವನ್ನು ತೋಳಿಗೆ ಬಿಗಿದುಕೊಂಡು, ಹಾವನ್ನು ಹೊಡೆದು ಡಬ್ಬಿಯಲ್ಲಿ ಹಾಕಿಕೊಂಡು ಡಿಸ್ಪೆನ್ಸರಿಗೆ ಓಡಿಬಂದರು. ಅದು ವಾರಕ್ಕೊಮ್ಮೆ ಡಾಕ್ಟರು ಬರುವ ದಿನ. ಡಾಕ್ಟರು ಡಬ್ಬಿಯ ಮುಚ್ಚಳ ತೆರೆದು ನೋಡಿ ನನ್ನೊಬ್ಬಳಿಗೇ ಕೇಳುವಂತೆ ಹೇಳಿದರು: "ಇದು ಕಟ್ಟುಹಾವಿನ ಹಾಗೆ ಕಾಣುತ್ತದೆ ಅಷ್ಟೆ ಸಿಸ್ಟರ್. ವಿಷದ ಹಾವಲ್ಲ." ಗಾಯ ತೊಳೆದು, ಸಂಜೆಯವರೆಗೂ ಕಾದು ನೋಡಿ, ಅವರನ್ನು ಮನೆಗೆ ಕಳುಹಿಸಿದೆವು.

ಹೊರಗೆ ಲೈನಿನ ಜನವೆಲ್ಲ ಸೇರಿತ್ತು. ದಾರ ಕಟ್ಟಿದ್ದಕ್ಕೆ ಬದುಕಿದ ಎಂದು ಯಾರೋ ಕೂಗಿದರು. ಮುಂದಿನ ಗುರುವಾರ ನನ್ನ ಪಾಠಕ್ಕೆ ಕೂರಲು ಜಾಗ ಇರಲಿಲ್ಲ. ಬೇರಿನ ಮದ್ದಿಗೆ ಹೋಗುವುದು ನಿಂತಿತು. ಇಷ್ಟು ಒಳ್ಳೆಯದಾಗುತ್ತಿರುವಾಗ ಅದು ವಿಷವಿಲ್ಲದ ಹಾವು ಎಂದು ಹೇಳಿ ಏಕೆ ಕೆಡಿಸಲಿ ಎಂದು ನಾನು ಬಾಯಿ ಮುಚ್ಚಿಕೊಂಡೆ. ಆ ತರುಣ ಮುಂದೆ ಆ ಎಸ್ಟೇಟಿನಲ್ಲಿ ಆಳುಗಳ ಉಸ್ತುವಾರಿ ನೋಡುವ ಮೇಸ್ತ್ರಿಯಾದರು.

ಅಲ್ಲಿಂದ ನಾನು ಪಟ್ಟಣದ ಆಸ್ಪತ್ರೆಗೆ ಬಂದೆ. ದಾರ ಬಿಗಿಯುವುದು ತಪ್ಪು ಎಂದು ಅಲ್ಲಿ ನಮಗೆ ಹೊಸದಾಗಿ ಹೇಳಿದರು. ವಾರ್ಡಿನ ಗೋಡೆಗೆ ಹೊಸ ಚಾರ್ಟ್ ಅಂಟಿಸಿದವಳೂ ನಾನೇ. ಹೊಸಬರಿಗೆ ಹೊಸ ಪಾಠ ಹೇಳಿದೆ. ಹಳಬರ ಹತ್ತಿರ ಹೋಗಿ ಹಳೆಯ ಪಾಠವನ್ನು ವಾಪಸ್ ತೆಗೆದುಕೊಳ್ಳಬೇಕೆಂದು ಹೊಳೆಯಲಿಲ್ಲ. ಹೊಳೆಯಲಿಲ್ಲ ಎನ್ನುವುದೂ ಪೂರ್ತಿ ನಿಜವಲ್ಲ. ಯಾರಾದರೂ ಹೇಳಿರುತ್ತಾರೆ ಅಂದುಕೊಂಡೆ.

ಹತ್ತು ಗಂಟೆ ನಲವತ್ತಕ್ಕೆ ಎಸ್ಟೇಟಿನ ಆಫೀಸಿಗೆ ಫೋನ್ ಮಾಡಿದೆ. ಹಣ್ಣು ಕೊಯ್ಲಿನ ಕಾಲ, ತೋಟದ ತುಂಬ ಜನ ಇದ್ದಾರೆ, ಒಂದು ಗಂಟೆಗೆ ಊಟಕ್ಕೆ ಬಿಡುತ್ತೇವೆ, ಆಗ ಬನ್ನಿ ಎಂದರು. ನಾನು ಚೀಲ ಹೆಗಲಿಗೆ ಹಾಕುವಷ್ಟರಲ್ಲಿ ಅತ್ತಿಗೆ ಸೀರೆ ಬದಲಾಯಿಸಿ ಬಾಗಿಲಲ್ಲಿ ನಿಂತಿದ್ದರು.

"ನೀವು ಯಾಕೆ?"

"ನೀನು ತಪ್ಪು ಒಪ್ಪಿಕೊಳ್ಳೋದನ್ನ ನಾನು ಇವತ್ತಿನವರೆಗೆ ನೋಡಿಲ್ಲ. ಬಿಡ್ತೀನಾ?"

ಬಸ್‌ಸ್ಟ್ಯಾಂಡಿನ ಎದುರಿನಿಂದ ಜೀಪು ಹಿಡಿದೆವು. ಹನ್ನೆರಡು ಐವತ್ತಕ್ಕೆ ಎಸ್ಟೇಟಿನ ಗೇಟು. ಒಳಗೆ ನಡೆದು ಸೇರುವಾಗ ಒಂದು ಗಂಟೆ. ತೂಕದ ಶೆಡ್ಡಿನ ಎದುರು ದೊಡ್ಡ ಹಲಸಿನ ಮರದ ಕೆಳಗೆ ಹೆಂಗಸರು ಬುತ್ತಿ ಬಿಚ್ಚುತ್ತಿದ್ದರು. ಎಣಿಸಿದೆ, ಮೂವತ್ತನಾಲ್ಕು ಮಂದಿ. ಅರ್ಧ ಜನ ಸುತ್ತಮುತ್ತಲಿನವರು, ಅರ್ಧ ಜನ ಕೊಯ್ಲಿಗಾಗಿ ದೂರದ ರಾಜ್ಯಗಳಿಂದ ಬಂದು ಲೈನಿನಲ್ಲಿ ಉಳಿದವರು. ಎಲ್ಲರ ಸೊಂಟದಲ್ಲೂ ದಾರ ಇತ್ತು.

ಮೇಸ್ತ್ರಿ ನನ್ನನ್ನು ದೂರದಿಂದಲೇ ಗುರುತಿಸಿದರು. ಅರವತ್ತು ದಾಟಿದ್ದಾರೆ, ಹೊಟ್ಟೆ ಬಂದಿದೆ. ತಲೆಗೆ ಸುತ್ತಿದ ಟವೆಲ್ ಬಿಚ್ಚಿ ಕೈಮುಗಿದರು.

"ಬನ್ನಿ ಸಿಸ್ಟ್ರೇ, ಬನ್ನಿ. ನಿಮ್ಮ ಕ್ಲಾಸು ಒಂದು ವರ್ಷನೂ ಬಿಟ್ಟಿಲ್ಲ ನೋಡಿ ನಾನು. ಕೊಯ್ಲು ಶುರುವಾಗೋ ಮುಂಚೆ ಎಲ್ರಿಗೂ ದಾರ ಕೊಟ್ಟೇ ತೋಟಕ್ಕೆ ಇಳಿಸೋದು. ಇವ್ರಿಗೆ ಕನ್ನಡ ಬರ್ತದೋ ಇಲ್ವೋ, ದಾರ ಬರ್ತದೆ."

ದೂರದಿಂದ ಬಂದಿದ್ದ ಒಬ್ಬ ಹೆಣ್ಣುಮಗಳ ಕಡೆ ಅವರು ಕೈ ಮಾಡಿದರು. ಅವಳು ಊಟ ಬಿಟ್ಟು ಎದ್ದು, ಸೊಂಟದ ದಾರ ಸರ್ರನೆ ಎಳೆದು, ಮೊಣಕಾಲಿನ ಕೆಳಗೆ ಮೂರು ಸುತ್ತು ಸುತ್ತಿ, ಹಲ್ಲು ಕಚ್ಚಿ ಬಿಗಿದು ತೋರಿಸಿದಳು. ನಾನು ಹೇಳಿಕೊಟ್ಟಿದ್ದ ಹಾಗೆಯೇ, ಗಂಟು ಹೊರಗಡೆಗೆ. ಇಷ್ಟು ವರ್ಷ, ಇಷ್ಟು ಕೈ ದಾಟಿಯೂ ಒಂದು ಸುತ್ತು ಹೆಚ್ಚಿಲ್ಲ, ಒಂದು ಸುತ್ತು ಕಡಿಮೆಯಿಲ್ಲ. ಬೇರೆ ಯಾವ ಪಾಠಕ್ಕಾದರೂ ನಾನು ಶಭಾಷ್ ಅನ್ನುತ್ತಿದ್ದೆ.

ಹತ್ತಿರ ಹೋಗಿ ನೋಡಿದಾಗ ಇನ್ನೊಂದು ಗೊತ್ತಾಯಿತು. ದಾರಗಳಿಗೆಲ್ಲ ಅರಿಶಿನ ಹಚ್ಚಿದ್ದರು. ಹತ್ತಿರದ ಊರಿನ ಒಬ್ಬ ಹೆಂಗಸನ್ನು ಇದೇನೆಂದು ಕೇಳಿದೆ.

"ಸೋಮವಾರ ಸೋಮವಾರ ಹಚ್ಚಬೇಕಮ್ಮ. ಇದು ಮೈಮೇಲಿದ್ರೆ ಹಾವು ಹತ್ರ ಸುಳಿಯಲ್ಲ."

"ಯಾರು ಹೇಳಿದ್ದು?"

"ಯಾರೋ ಸಿಸ್ಟರಮ್ಮ ಅಂತೆ. ದೊಡ್ಡವ್ರಂತೆ. ತೀರ್ಕೊಂಡು ಸುಮಾರು ವರ್ಷ ಆಯ್ತಂತೆ."

ಅತ್ತಿಗೆ ಸೆರಗು ಬಾಯಿಗೆ ಹಿಡಿದು ನಕ್ಕರು. "ಇವ್ಳೇ ಕಣಮ್ಮ ಆ ಸಿಸ್ಟ್ರು. ತೀರ್ಕೊಂಡ್ರೂ ಟೈಮಿಗೆ ಸರಿಯಾಗಿ ಎದ್ದು ಬಂದವ್ಳೆ ನೋಡು."

ಆ ಹೆಂಗಸು ಗಾಬರಿಯಾಗಿ ಕೈಮುಗಿದಳು. ನನಗೆ ನಗು ಬರಲಿಲ್ಲ. ಪ್ರಥಮ ಚಿಕಿತ್ಸೆ ಎಂದು ನಾನು ಕೊಟ್ಟದ್ದು ಇಲ್ಲಿ ರಕ್ಷೆಯಾಗಿ ಕುಳಿತಿತ್ತು. ರಕ್ಷೆಯಿದೆ ಎಂಬ ಧೈರ್ಯದಲ್ಲಿ ಇವರು ನೋಡದೆ ಗಿಡದ ಬುಡಕ್ಕೆ ಕೈ ಹಾಕುತ್ತಾರೆ.

ಅಷ್ಟರಲ್ಲಿ ಇನ್ನೊಬ್ಬಳು ಕಾಲು ಮುಂದೆ ಚಾಚಿದಳು. ಮೀನಖಂಡದ ಸುತ್ತ ಬಳೆಯಂಥ ಕಪ್ಪು ಗುರುತು. ಹಿಂದಿನ ತಿಂಗಳು ತೋಟದಲ್ಲಿ ಕಾಲಿಗೆ ಏನೋ ಚುಚ್ಚಿತಂತೆ. ಹಾವೋ ಮುಳ್ಳೋ ನೋಡಲಿಲ್ಲ. ದಾರ ಬಿಗಿಸಿಕೊಂಡು ಕುಳಿತಳು. ಜೀಪು ಬರುವುದು ತಡವಾಯಿತು. ಆಸ್ಪತ್ರೆ ಸೇರುವಾಗ ಕಾಲು ಮರದ ಕೊರಡಿನಂತಾಗಿತ್ತು. ಅಲ್ಲಿ ನೋಡಿದರೆ ಮುಳ್ಳು. ಎರಡು ದಿನ ಪಾದ ಊರಲಾಗಲಿಲ್ಲ ಎಂದಳು. ಆಮೇಲೆ ಹೆಮ್ಮೆಯಿಂದ ಸೇರಿಸಿದಳು: "ದಾರ ಕಟ್ಟಿದ್ದಕ್ಕೆ ಅಷ್ಟರಲ್ಲೇ ಹೋಯ್ತು."

ಇನ್ನು ಕಾಯುವುದು ಸಾಧ್ಯವಿರಲಿಲ್ಲ. ಒಂದು ಗಂಟೆ ಹದಿನೈದಕ್ಕೆ ಮರದ ಕೆಳಗೆ ನಿಂತು ಹೇಳಿದೆ. ಆ ಸಿಸ್ಟರ್ ನಾನೇ, ಈ ದಾರ ಕೊಟ್ಟವಳು ನಾನೇ, ಆಗ ನಮಗೆ ಹಾಗೆ ಕಲಿಸಿದ್ದರು, ಈಗ ಅದು ತಪ್ಪೆಂದು ಗೊತ್ತಾಗಿದೆ, ದಾರ ಬಿಗಿದರೆ ಕಾಲೇ ಹೋಗಬಹುದು, ಎಲ್ಲರೂ ಬಿಚ್ಚಿ ಕೊಡಿ. ಮೂವತ್ತನಾಲ್ಕು ಜನರೂ ತಲೆಯಾಡಿಸಿದರು. ಒಬ್ಬರೂ ಬಿಚ್ಚಲಿಲ್ಲ. ಎಲ್ಲರೂ ಮೇಸ್ತ್ರಿಯ ಮುಖ ನೋಡಿದರು.

ಮೇಸ್ತ್ರಿ ನಗುತ್ತಲೇ ಇದ್ದರು, ನಾನೇನೋ ತಮಾಷೆ ಮಾಡುತ್ತಿದ್ದೇನೆ ಅನ್ನುವಂತೆ.

"ಎಂತ ಸಿಸ್ಟ್ರೇ ಹೀಗೆ ಹೇಳ್ತೀರಿ? ದಾರ ತಪ್ಪಾದ್ರೆ ನಾನು ಹೆಂಗೆ ಬದುಕಿದೆ? ಇಲ್ಲೇ ನಿಂತಿದೀನಲ್ಲ ಕಂಬದ ಹಾಗೆ. ಕಟ್ಟುಹಾವು ಕಚ್ಚಿ ಬದುಕಿದವ್ರು ಈ ಸುತ್ತಿನಲ್ಲಿ ಯಾರಿದಾರೆ ತೋರ್ಸಿ."

"ಅದು ಕಟ್ಟುಹಾವಲ್ಲ ಮೇಸ್ತ್ರಿ."

"ನಾನೇ ಹೊಡೆದು ತಂದಿದ್ದೆ. ಪಟ್ಟೆ ಇತ್ತು."

"ಪಟ್ಟೆ ಇತ್ತು. ವಿಷ ಇರಲಿಲ್ಲ. ಡಾಕ್ಟರು ಆವತ್ತೇ ಡಬ್ಬಿ ನೋಡಿ ಹೇಳಿದ್ರು."

"ಯಾರಿಗೆ ಹೇಳಿದ್ರು?"

"ನನಗೆ."

ಮೇಸ್ತ್ರಿಯ ನಗು ಹೋಯಿತು. ಟವೆಲನ್ನು ಮಡಿಸಿದರು, ಬಿಡಿಸಿದರು, ಮತ್ತೆ ಮಡಿಸಿದರು. ಆ ಹಾವಿನ ಕಥೆಯಿಂದಲೇ ಅವರಿಗೆ ಎಸ್ಟೇಟಿನಲ್ಲಿ ಹೆಸರು ಬಂದದ್ದು, ಹೆಣ್ಣು ಕೊಟ್ಟ ಮಾವ ಒಪ್ಪಿದ್ದೂ ಆ ಕಥೆ ಕೇಳಿಯೇ ಎಂದು ನನಗೆ ಗೊತ್ತಿತ್ತು. ಅವರು ಹೆಂಗಸರ ಕಡೆ ನೋಡದೆ, "ಊಟದ ಹೊತ್ತು ಮುಗೀತು, ಏಳಿ" ಎಂದು ಹೇಳಿ ತೋಟದೊಳಗೆ ನಡೆದುಬಿಟ್ಟರು. ಹೆಂಗಸರು ಚೀಲ ಎತ್ತಿಕೊಂಡು ಹಿಂದೆಯೇ ಹೋದರು, ಸೊಂಟದ ದಾರಗಳೊಂದಿಗೆ.

ನಾನೂ ಅತ್ತಿಗೆಯೂ ಶೆಡ್ಡಿನ ಜಗಲಿಯಲ್ಲಿ ಕುಳಿತೆವು. ತಂದಿದ್ದ ಚಪಾತಿ ತಿಂದೆವು. ಸಾಯಂಕಾಲ ಹಣ್ಣು ತೂಗಲು ಎಲ್ಲರೂ ಇಲ್ಲಿಗೇ ಬರುತ್ತಾರೆ, ಆಗ ಮತ್ತೆ ಹೇಳುತ್ತೇನೆ, ಕೇಳದಿದ್ದರೆ ಕತ್ತರಿ ತೆಗೆದುಕೊಂಡು ನಾನೇ ಕತ್ತರಿಸುತ್ತೇನೆ ಎಂದೆ.

"ಕತ್ತರಿಸಿ ನೋಡು" ಎಂದರು ಅತ್ತಿಗೆ. "ನಾಳೆ ಬೆಳಿಗ್ಗೆ ಎಲ್ರೂ ಹೊಸಾ ದಾರ ಕಟ್ಕೊಂಡು ಬರ್ತಾರೆ. ಅರಿಶಿನ ಹಚ್ಚಿದ ದಾರ ಮಾರಾಯ್ತಿ, ಅದನ್ನ ಕತ್ತರಿಸ್ತಾರಾ? ಕಟ್ಟಿದ್ದನ್ನ ಬಿಡಿಸೋಕೆ ಒಂದು ಕ್ರಮ ಇರ್ತದೆ. ಗಂಟು ಬಿಚ್ಚಬೇಕು, ಹಾಲು ಬರೋ ಮರದ ಬುಡಕ್ಕೆ ಹಾಕ್ಬೇಕು, ಮಣ್ಣು ಮುಚ್ಚಬೇಕು, ನೀರು ಹಾಕ್ಬೇಕು. ಹಂಗೆ ಮಾಡಿದ್ರೆ ಮನಸ್ಸಿಗೆ ಮುಗೀತು ಅನ್ಸುತ್ತೆ."

"ಒಂದು ಮೂಢನಂಬಿಕೆ ತೆಗೆಯೋಕೆ ಇನ್ನೊಂದಾ?"

"ನಿನ್ನ ಪುಸ್ತಕಗಳು ಬರೀ ತಪ್ಪು ಅಂತಾವೆ. ತಪ್ಪು ಅಂದ್ಮೇಲೆ ಕೈಲಿರೋದನ್ನ ಎಲ್ಲಿ ಇಡಬೇಕು ಅಂತ ಯಾವ ಪುಸ್ತಕನಾದ್ರೂ ಹೇಳಿದ್ಯಾ?"

ಅತ್ತಿಗೆ ಶೆಡ್ಡಿನಿಂದ ಹಾರೆ ಕೇಳಿ ತಂದು, ಹಲಸಿನ ಬುಡದಲ್ಲಿ ಗುಂಡಿ ತೋಡಲು ಹೊರಟರು. ಆ ವಯಸ್ಸಿಗೆ ಹಾರೆ ಬೇಡ ಎಂದು ನಾನೇ ಕಸಿದುಕೊಂಡು ತೋಡಿದೆ. ಒಂದು ಮೊಳ ಆಳ, ಒಂದು ಮೊಳ ಅಗಲ. ಮೂರು ಗಂಟೆ ಹತ್ತಕ್ಕೆ ಮುಗಿಯಿತು.

ನಾಲ್ಕು ಗಂಟೆಗೆ ಕೆಂಪು ಹಣ್ಣಿನ ಚೀಲಗಳು ಶೆಡ್ಡಿಗೆ ಬಂದವು. ಮೇಸ್ತ್ರಿ ತಕ್ಕಡಿಯ ಹತ್ತಿರ ನಿಂತು ತೂಗಿದರು, ನನ್ನ ಕಡೆ ತಿರುಗಿಯೂ ನೋಡಲಿಲ್ಲ. ನಾನು ಮಧ್ಯೆ ಮಾತಾಡಲಿಲ್ಲ. ಕೆಲಸದ ನಡುವೆ ಮಾತು ತೆಗೆಯುವವರನ್ನು ಕಂಡರೆ ನನಗೂ ಆಗುವುದಿಲ್ಲ. ಕೊನೆಯ ಚೀಲ ಇಳಿದ ಮೇಲೆ ಅವರೇ ನನ್ನ ಹತ್ತಿರ ಬಂದರು. ಹೆಂಗಸರು ಮನೆಗೆ ಹೊರಡದೆ ಅಲ್ಲೇ ನಿಂತರು.

"ಆವತ್ತೇ ಹೇಳಬೋದಿತ್ತಲ್ಲ ಸಿಸ್ಟ್ರೇ."

"ಹೇಳಬೇಕಿತ್ತು."

"ಯಾಕೆ ಹೇಳ್ಲಿಲ್ಲ?"

"ನನ್ನ ಪಾಠಕ್ಕೆ ಜನ ಬರೋಕೆ ಶುರು ಮಾಡಿದ್ರು. ಅದು ನಿಲ್ಲೋದು ನನಗೆ ಬೇಡವಾಗಿತ್ತು. ನಿಮ್ಮ ಕಥೆ ನನಗೆ ಉಪಯೋಗಕ್ಕೆ ಬಂತು ಮೇಸ್ತ್ರಿ. ತಪ್ಪು ನನ್ನದು."

ಅವರು ಹೆಂಗಸರ ಕಡೆ ತಿರುಗಿದರು. "ಈ ಮಕ್ಕಳಲ್ಲಿ ಯಾರಿಗಾದ್ರೂ ಕಾಲು ಹೋಗಿದ್ರೆ?" ಎಂದರು. ನನ್ನನ್ನು ಕೇಳಿದರೋ ತಮ್ಮನ್ನೇ ಕೇಳಿಕೊಂಡರೋ ತಿಳಿಯಲಿಲ್ಲ. ಕಾಲಿಗೆ ಕಪ್ಪು ಗುರುತಿದ್ದ ಹೆಂಗಸಿನ ಕಡೆ ನೋಡಿದರು. "ಈ ಅಮ್ಮಂಗೆ ದಾರ ಬಿಗಿದವ್ನು ನಾನೇ. ಅವ್ಳ ಕೈಗೆ ಶಕ್ತಿ ಸಾಲಲ್ಲ ಅಂತ."

ಆಮೇಲೆ ಅಂಗಿ ಎತ್ತಿ ತಮ್ಮ ಸೊಂಟದ ದಾರಕ್ಕೆ ಕೈ ಹಾಕಿದರು. ಬೆವರು ಕುಡಿದು ಗಟ್ಟಿಯಾದ ಗಂಟು. ಹೊಟ್ಟೆ ಅಡ್ಡ ಬಂದು ಅವರಿಗೆ ಅದು ಕಾಣುತ್ತಲೂ ಇರಲಿಲ್ಲ.

"ಉಸಿರು ಒಳಗೆ ಎಳ್ಕೊಳ್ಳಿ" ಎಂದರು ಅತ್ತಿಗೆ. "ಹಾವು ಹತ್ರ ಬರದೆ ಇದ್ದಿದ್ದು ದಾರಕ್ಕಲ್ಲ, ಈ ಹೊಟ್ಟೆ ನೋಡಿ."

ಹೆಂಗಸರು ಗೊಳ್ಳೆಂದು ನಕ್ಕರು. ಮೇಸ್ತ್ರಿಯೂ ನಗು ತಡೆಯಲಾರದೆ ಉಸಿರು ಬಿಟ್ಟರು, ಗಂಟು ಮತ್ತೆ ಕೈತಪ್ಪಿತು. ಅಂತೂ ಬಿಚ್ಚಿಕೊಂಡಿತು. ಅವರು ಗುಂಡಿಯ ಹತ್ತಿರ ನಿಂತು ದಾರ ಕೈಯಲ್ಲಿ ಹಿಡಿದೇ ಹೇಳಿದರು:

"ಕೇಳ್ರಮ್ಮ ಎಲ್ರೂ. ನನ್ನ ಕಚ್ಚಿದ್ದು ಕಟ್ಟುಹಾವಲ್ಲ. ಸುಮ್ನೆ ಪಟ್ಟೆ ಬಳ್ಕೊಂಡಿದ್ದ ಯಾವುದೋ ಪಾಪದ ಹಾವು. ಅದಕ್ಕೆ ಹೆದ್ರಿ, ಡಬ್ಬಿ ಹಿಡ್ಕೊಂಡು, ಒಂದು ಕಾಲಲ್ಲಿ ಚಪ್ಲಿ ಒಂದು ಕಾಲಲ್ಲಿ ಇಲ್ಲ, ಡಿಸ್ಪೆನ್ಸರಿವರೆಗೂ ಅಮ್ಮಾ ಅಮ್ಮಾ ಅಂತ ಓಡಿದೀನಿ. ನಾನು ಬದುಕಿದ್ದು ದಾರದಿಂದಲ್ಲ. ಆ ಹಾವಿನ ಹತ್ರ ಏನೂ ಇರ್ಲಿಲ್ಲ, ಅದಕ್ಕೆ."

ನಗು ಇನ್ನೂ ಜೋರಾಯಿತು. ಅವರು ನಡುನಡುವೆ ಸನ್ನೆಯಲ್ಲೂ ತೋರಿಸುತ್ತಿದ್ದುದರಿಂದ ಭಾಷೆ ಬರದವರೂ ನಕ್ಕರು. ಇಷ್ಟು ವರ್ಷ ಹೇಳಿದ ಕಥೆಗಿಂತ ಈ ಕಥೆಯನ್ನು ಅವರು ಚೆನ್ನಾಗಿ ಹೇಳಿದರೆಂದು ನನಗನ್ನಿಸಿತು. ಚಪ್ಪಲಿಯ ಮಾತು ನನಗೂ ಹೊಸದು. ದಾರ ಗುಂಡಿಗೆ ಬಿತ್ತು.

ಹೆಂಗಸರು ಒಬ್ಬೊಬ್ಬರಾಗಿ ಬಂದರು. ಐದಾರು ಜನ ಬಿಚ್ಚಿ ಹಾಕಿದ ಮೇಲೆ, ಸೋಮವಾರದ ಅರಿಶಿನದ ವಿಷಯ ಹೇಳಿದ್ದವಳು ಹಿಂದೆ ಸರಿದಳು.

"ಇವತ್ತು ಮಂಗಳವಾರ ಅಲ್ವಾ ಅಮ್ಮ. ಬಿಚ್ಚಬೋದಾ?"

"ಕಟ್ಟೋಕೆ ವಾರ ನೋಡ್ಬೇಕು. ಬಿಚ್ಚೋಕೆ ಯಾವ ವಾರನೂ ಆಗ್ತದೆ" ಎಂದರು ಅತ್ತಿಗೆ, ಕಣ್ಣು ಮಿಟುಕಿಸದೆ.

ಅವಳು ಸಮಾಧಾನದಿಂದ ಗಂಟು ಬಿಚ್ಚಿದಳು. ನಾನು ಅತ್ತಿಗೆಯ ಕಿವಿಯ ಹತ್ತಿರ, "ಇದು ಯಾವ ಶಾಸ್ತ್ರದಲ್ಲಿದೆ?" ಎಂದೆ.

"ಈಗ ತಾನೇ ಆಯ್ತು. ಸುಮ್ನಿರು."

ಹೊಸ ನಂಬಿಕೆಯೊಂದು ನನ್ನ ಕಣ್ಣೆದುರಿಗೇ ಹುಟ್ಟಿತು. ನಾನು ತಡೆಯಲಿಲ್ಲ. ಅದರಿಂದ ಯಾರ ಕಾಲಿಗೂ ಅಪಾಯವಿರಲಿಲ್ಲ.

ಮೂವತ್ತನಾಲ್ಕು ಹೆಂಗಸರ ದಾರ, ಮೇಸ್ತ್ರಿಯದು ಸೇರಿ ಮೂವತ್ತೈದು. ಎಣಿಸಿಯೇ ಮಣ್ಣು ಎಳೆದೆ. ಅತ್ತಿಗೆ ಬಾಟಲಿಯ ನೀರು ಹಾಕಿದರು. ಆಗ ನಾಲ್ಕು ಗಂಟೆ ಐವತ್ತು.

ಬರಿಗೈ ಮಾಡಿ ಕಳುಹಿಸುವಂತಿರಲಿಲ್ಲ. ದಾರದ ಬದಲು ಏನು ಮಾಡಬೇಕೆಂದು ಗೊತ್ತಿರಬೇಕು. ಹೊಸ ಪಾಠ ಶುರುಮಾಡಿದೆ. ಕೈ ಹಾಕುವ ಮೊದಲು ಗಿಡದ ಬುಡವನ್ನು ಕೋಲಿನಿಂದ ತಟ್ಟಬೇಕು. ಕಚ್ಚಿದರೆ ಓಡಬಾರದು, ನಡೆಯಲೂಬಾರದು, ಕೂರಬೇಕು. ಹಾವನ್ನು ಹೊಡೆಯಲು ಹೋಗಬಾರದು. ಬಳೆ, ಉಂಗುರ, ಕಾಲುಚೈನು ತೆಗೆಯಬೇಕು. ಕೊಯ್ಯಬಾರದು, ಚೀಪಬಾರದು. ಮೂಳೆ ಮುರಿದಾಗ ಮಾಡುವಂತೆ ಕೋಲು ಇಟ್ಟು ಬಟ್ಟೆ ಸುತ್ತಬೇಕು, ಒಳಗೆ ಒಂದು ಬೆರಳು ತೂರುವಷ್ಟು ಸಡಿಲವಾಗಿ. ಹೊತ್ತುಕೊಂಡು ಹೋಗಿ ಜೀಪು ಹತ್ತಿಸಬೇಕು. ಯಾರು ಫೋನ್ ಮಾಡುವುದು, ಯಾರು ಹೊರುವುದು, ಯಾರು ಜೊತೆಗೆ ಹೋಗುವುದು ಎಂದು ಅಲ್ಲೇ ತೀರ್ಮಾನಿಸಿದೆವು. ಕೊಯ್ಲು ಮುಗಿಯುವವರೆಗೂ ಒಂದು ಜೀಪು ಶೆಡ್ಡಿನ ಹತ್ತಿರವೇ ನಿಂತಿರುವಂತೆ ಆಫೀಸಿನಲ್ಲಿ ಕೇಳುವುದು ತಮ್ಮ ಕೆಲಸವೆಂದು ಮೇಸ್ತ್ರಿ ಒಪ್ಪಿಕೊಂಡರು.

ರೋಗಿಯಾಗಲು ಅತ್ತಿಗೆ ಮುಂದೆ ಬಂದರು. ಜಗಲಿಯ ಮೇಲೆ ಕಾಲು ನೀಡಿ ಮಲಗಿ, ಪ್ರತಿಯೊಬ್ಬರೂ ಕೋಲಿಟ್ಟು ಬಟ್ಟೆ ಸುತ್ತುವಾಗ "ಅಯ್ಯೋ ಹೋದ್ನಲ್ಲಪ್ಪೋ" ಎಂದು ನರಳಿದರು. ನರಳಬೇಡಿ, ಪಾಠಕ್ಕೆ ತೊಂದರೆ ಎಂದೆ. ಕಚ್ಚಿಸಿಕೊಂಡವರು ಸುಮ್ಮನಿರುತ್ತಾರಾ ಎಂದು ಕೇಳಿದರು. ದೂರದಿಂದ ಬಂದ ಹೆಂಗಸರು ಬೇಗ ಕಲಿತರು. ಮಧ್ಯಾಹ್ನ ದಾರ ಬಿಗಿದು ತೋರಿಸಿದ್ದವಳು ಎರಡನೆಯ ಸಲಕ್ಕೇ ಸರಿಯಾಗಿ ಮಾಡಿ, ತನ್ನ ಜೊತೆಯವರಿಗೆ ತನ್ನ ಭಾಷೆಯಲ್ಲಿ ಹೇಳಿಕೊಟ್ಟಳು.

ಕಷ್ಟವಾದದ್ದು ಮೇಸ್ತ್ರಿಗೆ. ಮಾತಿನಲ್ಲಿ ಎಲ್ಲ ಒಪ್ಪಿದ್ದರು. ಆದರೆ ಬಟ್ಟೆ ಕೈಗೆ ಬಂದ ಕೂಡಲೇ ಕೈ ತಾನಾಗಿ ಬಿಗಿಯುತ್ತಿತ್ತು. ಮೊದಲನೆಯ ಸಲ ಅತ್ತಿಗೆ ನಿಜವಾಗಿಯೇ ಕೂಗಿದರು. "ಬಿಡ್ರೀ, ಕಾಲು ನನ್ನದು!" ಬಿಚ್ಚಿಸಿದೆ. ಎರಡನೆಯ ಸಲ ಕೊನೆಯ ಗಂಟಿನಲ್ಲಿ ಮತ್ತೆ ಎಳೆದುಬಿಟ್ಟರು. ಬಿಚ್ಚಿಸಿದೆ. ಈ ಕೈಯೇ ಮುಂದಿನ ವರ್ಷವೂ ಹೊಸಬರಿಗೆ ಕಲಿಸುವುದು, ಇದು ಸರಿಯಾಗದೆ ನಾನು ಹೊರಡುವಂತಿರಲಿಲ್ಲ. ನಮ್ಮನ್ನು ವಾಪಸ್ ಕರೆದೊಯ್ಯಲು ಬಂದಿದ್ದ ಜೀಪಿನವನು ರಸ್ತೆಯಲ್ಲಿ ಹಾರ್ನ್ ಹೊಡೆಯುತ್ತಿದ್ದ. ಹೊಡೆಯಲಿ ಎಂದು ಬಿಟ್ಟೆ.

ಮೂರನೆಯ ಸಲ ಮೇಸ್ತ್ರಿ ಟವೆಲನ್ನು ನಿಧಾನವಾಗಿ ಸುತ್ತಿದರು. ಪ್ರತಿ ಸುತ್ತಿಗೂ ನನ್ನ ಮುಖ ನೋಡಿದರು. ನಾನು ಅವರ ಕೈಯನ್ನೇ ನೋಡುತ್ತಿದ್ದೆ. ಗಂಟು ಹಾಕಿ, ಎರಡೂ ಕೈ ಮೇಲೆತ್ತಿ ದೂರ ಸರಿದು ನಿಂತರು. ನಾನು ಬಗ್ಗಿ ಟವೆಲಿನ ಅಂಚಿನಿಂದ ಬೆರಳು ಒಳಗೆ ತೂರಿಸಿದೆ. ಸಲೀಸಾಗಿ ಹೋಯಿತು. ಐದು ಗಂಟೆ ಮೂವತ್ತೈದು ನಿಮಿಷ.